ಕಿಮುರಾ: ಗೆದ್ದವನ ಹೆಸರು ಉಳಿಸಿದ್ದು ಸೋತವರ ಮನೆ

ಮೊಬೈಲ್‌ನಲ್ಲಿ ಎಂಎಂಎ ಕಾದಾಟ ನೋಡುವ ಹುಡುಗರಿಗೆ ‘ಕಿಮುರಾ’ ಎಂಬ ಪಟ್ಟು ಗೊತ್ತು. ಎದುರಾಳಿಯ ತೋಳನ್ನು ಬೆನ್ನ ಹಿಂದಕ್ಕೆ ತಿರುಚಿ ಭುಜಕ್ಕೆ ಬೀಗ ಹಾಕುವುದು. ಜೂಡೋದಲ್ಲಿ ಅದರ ಹಳೆಯ ಹೆಸರು ಬೇರೆ. ಕಿಮುರಾ ಎಂಬುದು ಒಬ್ಬ ಮನುಷ್ಯನ ಹೆಸರು.

ಮಸಾಹಿಕೊ ಕಿಮುರಾ 1917ರಲ್ಲಿ ಜಪಾನಿನ ಕುಮಾಮೊಟೊದಲ್ಲಿ ಹುಟ್ಟಿದರು. ಬಡ ಕುಟುಂಬ. ಹೊಳೆಯಲ್ಲಿ ಜಲ್ಲಿ ತೆಗೆಯುತ್ತಿದ್ದ ಅಪ್ಪನ ಜೊತೆ ಹುಡುಗನೂ ದುಡಿದ. ಮೈ ಗಟ್ಟಿಯಾಗಿದ್ದು ಅಲ್ಲಿಯೇ.

ಅದೇ ಊರಿನ ಜೂಡೋಪಟು ತತ್ಸುಕುಮಾ ಉಶಿಜಿಮಾ ಈ ಹುಡುಗನನ್ನು ಟೋಕಿಯೊದ ತಕುಶೊಕು ವಿಶ್ವವಿದ್ಯಾಲಯಕ್ಕೆ ಕರೆದೊಯ್ದರು. ಚಕ್ರವರ್ತಿಯ ಮುಂದೆ ನಡೆಯುವ ಪಂದ್ಯ ಗೆಲ್ಲಬೇಕೆಂಬುದು ಉಶಿಜಿಮಾ ಅವರ ಆಸೆಯಾಗಿತ್ತು. ಅವರ ಕೈಯಲ್ಲಿ ಆಗಲಿಲ್ಲ. ಶಿಷ್ಯ ಗೆಲ್ಲಲಿ ಎಂದು ಪಟ್ಟು ಹಿಡಿದರು. ಕಿಮುರಾ ದಿನವೂ ಮರವನ್ನೇ ಎದುರಾಳಿ ಮಾಡಿಕೊಂಡು ಕಾಲು ಕೊಟ್ಟು ಕೆಡವುವ ಪಟ್ಟನ್ನು ತಾಲೀಮು ಮಾಡಿದರು. 1937ರಿಂದ ಸತತ ಮೂರು ವರ್ಷ ಅಖಿಲ ಜಪಾನ್ ಪ್ರಶಸ್ತಿ ಅವರದಾಯಿತು. 1940ರಲ್ಲಿ ಚಕ್ರವರ್ತಿಯ ಮುಂದಿನ ಪಂದ್ಯವನ್ನೂ ಗೆದ್ದು ಗುರುವಿನ ಆಸೆ ತೀರಿಸಿದರು.

ಆಮೇಲೆ ಯುದ್ಧ ಬಂತು. ಸೋತ ಜಪಾನಿನಲ್ಲಿ ಅನ್ನಕ್ಕೇ ಕಷ್ಟ. ಅಂಥದ್ದರಲ್ಲಿ ಕಿಮುರಾ ಅವರ ಹೆಂಡತಿಗೆ ಕ್ಷಯ ತಗುಲಿತು. ಔಷಧಿ ದುಬಾರಿ. ಅಮೆಚೂರ್ ಜೂಡೋದಲ್ಲಿ ಮಾನವಿತ್ತು, ದುಡ್ಡಿರಲಿಲ್ಲ. 1950ರಲ್ಲಿ ಗುರು ಉಶಿಜಿಮಾ ಅವರೇ ಕಟ್ಟಿದ ವೃತ್ತಿಪರ ಜೂಡೋ ತಂಡ ಸೇರಿದರು. ಅದು ಬೇಗ ಮುರಿದು ಬಿತ್ತು. ಹೊಟ್ಟೆಪಾಡಿಗೆ ಹೊರದೇಶಗಳಲ್ಲಿ ಕುಸ್ತಿ ಪ್ರದರ್ಶನಕ್ಕೆ ಇಳಿದರು.

ಬ್ರೆಜಿಲ್‌ನಲ್ಲಿ ಗ್ರೇಸಿ ಮನೆತನದ ಹೆಸರು ದೊಡ್ಡದು. ಅವರ ಜಿಯು-ಜಿತ್ಸು ಜೂಡೋದಿಂದಲೇ ಬೆಳೆದದ್ದು. 1951ರ ಅಕ್ಟೋಬರ್ 23ರಂದು ರಿಯೊದ ಮರಕಾನಾ ಕ್ರೀಡಾಂಗಣದಲ್ಲಿ ಹೀಲಿಯೊ ಗ್ರೇಸಿ ಎದುರು ಕಿಮುರಾ ನಿಂತರು. ಹೀಲಿಯೊ ತೂಕದಲ್ಲಿ ತುಂಬ ಕಡಿಮೆ. ಎರಡನೇ ಸುತ್ತಿನಲ್ಲಿ ತೋಳಿಗೆ ಬೀಗ ಬಿತ್ತು. ನೋವು ನುಂಗಿಕೊಂಡರೇ ಹೊರತು ಹೀಲಿಯೊ ಸೋಲೊಪ್ಪಲಿಲ್ಲ. ಕೊನೆಗೆ ಅಣ್ಣ ಕಾರ್ಲೋಸ್ ಪಂದ್ಯ ನಿಲ್ಲಿಸಿದರು. ಆ ಮೇಲೆ ಬ್ರೆಜಿಲ್‌ನವರು ಆ ಪಟ್ಟನ್ನು ಗೆದ್ದವನ ಹೆಸರಿನಿಂದಲೇ ಕರೆದರು. ಇಂದು ಜಗತ್ತೇ ಹಾಗೆ ಕರೆಯುತ್ತದೆ.

ತಾಯ್ನಾಡಿನಲ್ಲಿ ಕಥೆ ಬೇರೆ. 1954ರ ಡಿಸೆಂಬರ್ 22ರಂದು ಟೋಕಿಯೊದಲ್ಲಿ ಕುಸ್ತಿ ತಾರೆ ರಿಕಿಡೊಜಾನ್ ಜೊತೆ ಪಂದ್ಯ. ಟಿವಿ ಆಗ ಜಪಾನಿಗೆ ಹೊಸದು, ಜನ ಮುಗಿಬಿದ್ದು ನೋಡಿದರು. ಸಮಬಲ ಮಾಡಿಕೊಳ್ಳೋಣ ಎಂದು ಮೊದಲೇ ಮಾತಾಗಿತ್ತು ಎಂದು ಕಿಮುರಾ ನಂತರ ಹೇಳಿದರು. ರಿಕಿಡೊಜಾನ್ ನಿಜವಾಗಿಯೇ ಹೊಡೆದರು. ದೇಶವೆಲ್ಲ ನೋಡುತ್ತಿರುವಾಗ ಕಿಮುರಾ ನೆಲಕ್ಕೆ ಬಿದ್ದರು.

ಜೂಡೋದ ಮೂಲಮನೆ ಕೊಡೊಕಾನ್ ಕೂಡ ಅವರನ್ನು ದೂರವೇ ಇಟ್ಟಿತು. ಮೂವತ್ತರ ಹರೆಯಕ್ಕೇ ಏಳನೇ ದಾನ್ ಪಡೆದಿದ್ದ ಕಿಮುರಾ ಸಾಯುವವರೆಗೂ ಅದೇ ದರ್ಜೆಯಲ್ಲಿ ಉಳಿದರು.

ಅವರ ಕೈ ಹಿಡಿದದ್ದು ಕಲಿತ ಶಾಲೆ. 1960ರ ದಶಕದಲ್ಲಿ ತಕುಶೊಕುಗೆ ಮರಳಿ ಗುರುವಾದರು. ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಬೆಳ್ಳಿ ಗೆದ್ದ ಕೆನಡಾದ ಡಗ್ ರಾಜರ್ಸ್ ಕೂಡ ಅವರ ಬಳಿ ತಾಲೀಮು ಮಾಡಿದರು. 1971ರಲ್ಲಿ ಶಿಷ್ಯ ಕಾನೆಒ ಇವಾತ್ಸುರಿ ಅಖಿಲ ಜಪಾನ್ ಚಾಂಪಿಯನ್ ಆದರು. ಉಶಿಜಿಮಾ ಅವರಿಗೆ ಕಿಮುರಾ ಗೆದ್ದುಕೊಟ್ಟಂತೆ, ಕಿಮುರಾ ಅವರಿಗೆ ಇವಾತ್ಸುರಿ ಗೆದ್ದುಕೊಟ್ಟರು.

ಕಿಮುರಾ 1993ರ ಏಪ್ರಿಲ್ 18ರಂದು ತೀರಿಕೊಂಡರು. ದರ್ಜೆ ಏಳಕ್ಕೇ ನಿಂತಿತು. ಹೆಸರು ಮಾತ್ರ ಸೋತವರ ಬಾಯಲ್ಲಿ, ಶಿಷ್ಯರ ಕೈಯಲ್ಲಿ ಉಳಿಯಿತು.