ಶೈಕ್ಷಣಿಕ ನರವಿಜ್ಞಾನ

ಶೈಕ್ಷಣಿಕ ನರವಿಜ್ಞಾನವು ಮಿದುಳು ಕಲಿಯುವ ಬಗೆಯನ್ನು ಕುರಿತ ಸಂಶೋಧನೆಯನ್ನು ಶಾಲಾ ಬೋಧನೆಯೊಂದಿಗೆ ಬೆಸೆಯುವ ಅಧ್ಯಯನ ಕ್ಷೇತ್ರವಾಗಿದೆ. ನರವಿಜ್ಞಾನ, ಮನೋವಿಜ್ಞಾನ, ಭಾಷಾವಿಜ್ಞಾನ ಮತ್ತು ಶಿಕ್ಷಣಶಾಸ್ತ್ರಗಳು ಇದರಲ್ಲಿ ಒಂದುಗೂಡುತ್ತವೆ. ಓದು, ಬರಹ, ಗಣಿತ, ಗಮನ ಮತ್ತು ಸ್ಮರಣೆ ಇದರ ಮುಖ್ಯ ವಿಷಯಗಳು. ಒಂದೇ ತರಗತಿಯ ಮಕ್ಕಳ ಮನೆಮಾತು, ಕಲಿಕೆಯ ವೇಗ ಮತ್ತು ಸಾಮರ್ಥ್ಯಗಳು ಭಿನ್ನವಾಗಿರುವಾಗ ಬೋಧನೆಯನ್ನು ಹೇಗೆ ಹೊಂದಿಸಬೇಕೆಂಬುದು ಇದರ ಪ್ರಮುಖ ಪ್ರಶ್ನೆಗಳಲ್ಲೊಂದು. ಓದಿನ ಕುರಿತ ಸಂಶೋಧನೆಯ ಬಹುಪಾಲು ಇಂಗ್ಲಿಷ್ ಮತ್ತು ಇತರ ಯುರೋಪಿಯನ್ ಭಾಷೆಗಳಲ್ಲಿ ನಡೆದಿದೆ. ಆದ್ದರಿಂದ ಕನ್ನಡದಂತಹ ಲಿಪಿಗಳ ಕಲಿಕೆಗೆ ಅದರ ಫಲಿತಾಂಶಗಳನ್ನು ಪರಿಶೀಲಿಸದೆ ಅನ್ವಯಿಸಲಾಗದು.

ಹಿನ್ನೆಲೆ

ಕಲಿಕೆಯಿಂದ ನರಕೋಶಗಳ ನಡುವಿನ ಸಂಪರ್ಕಗಳು ಬಲಗೊಳ್ಳುತ್ತವೆ ಎಂಬ ವಿಚಾರವನ್ನು ಕೆನಡಾದ ಮನೋವಿಜ್ಞಾನಿ ಡೊನಾಲ್ಡ್ ಹೆಬ್ 1949ರಲ್ಲಿ ಮಂಡಿಸಿದರು. 1990ರ ದಶಕದಲ್ಲಿ ಮಿದುಳಿನ ಚಟುವಟಿಕೆಯನ್ನು ಚಿತ್ರಿಸುವ ತಂತ್ರಗಳು ಬೆಳೆದ ಮೇಲೆ, ಓದುವಾಗ ಮತ್ತು ಲೆಕ್ಕ ಮಾಡುವಾಗ ಮಿದುಳಿನ ಯಾವ ಭಾಗಗಳು ಸಕ್ರಿಯವಾಗುತ್ತವೆ ಎಂಬುದನ್ನು ನೇರವಾಗಿ ಅಧ್ಯಯನ ಮಾಡಲು ಸಾಧ್ಯವಾಯಿತು.

ಮಾತು ಮಗುವಿಗೆ ಸುತ್ತಲಿನವರ ಒಡನಾಟದಲ್ಲಿ ಸಹಜವಾಗಿ ಬರುತ್ತದೆ. ಓದು ಹಾಗಲ್ಲ, ಅದನ್ನು ಕಲಿಸಬೇಕಾಗುತ್ತದೆ. ಫ್ರಾನ್ಸಿನ ನರವಿಜ್ಞಾನಿ ಸ್ಟಾನಿಸ್ಲಾಸ್ ಡೆಹೆನ್ ಮತ್ತು ಸಂಗಡಿಗರು ಬ್ರೆಜಿಲ್ ಹಾಗೂ ಪೋರ್ಚುಗಲ್‌ಗಳ ವಯಸ್ಕರ ಮೇಲೆ ನಡೆಸಿದ ಅಧ್ಯಯನವು 2010ರಲ್ಲಿ ಪ್ರಕಟವಾಯಿತು. ಅಕ್ಷರಗಳನ್ನು ಗುರುತಿಸುವ ಕೆಲಸಕ್ಕೆ ಎಡ ಮಿದುಳಿನ ಒಂದು ದೃಶ್ಯಭಾಗವು ಹೊಂದಿಕೊಳ್ಳುತ್ತದೆ ಮತ್ತು ದೊಡ್ಡವರಾದ ಮೇಲೆ ಓದು ಕಲಿತವರಲ್ಲಿಯೂ ಈ ಬದಲಾವಣೆ ಕಾಣುತ್ತದೆ ಎಂದು ಅದು ತೋರಿಸಿತು.

ತರಗತಿಗೆ ಅನ್ವಯವಾಗುವ ತತ್ತ್ವಗಳು

ಪ್ರಯೋಗಗಳಲ್ಲಿ ಮತ್ತೆ ಮತ್ತೆ ದೃಢಪಟ್ಟು, ಶಿಕ್ಷಕರು ಹೆಚ್ಚಿನ ಸಲಕರಣೆಯಿಲ್ಲದೆ ಬಳಸಬಹುದಾದ ಕೆಲವು ತತ್ತ್ವಗಳು ಹೀಗಿವೆ:

• ಅಂತರ ಬಿಟ್ಟು ಅಭ್ಯಾಸ: ಒಂದೇ ದಿನ ಒಂದು ಗಂಟೆ ಮಗ್ಗಿ ಹೇಳಿಸುವುದಕ್ಕಿಂತ, ಅದೇ ಸಮಯವನ್ನು ಹಲವು ದಿನಗಳಿಗೆ ಹಂಚಿದರೆ ಕಲಿತದ್ದು ಹೆಚ್ಚು ಕಾಲ ಉಳಿಯುತ್ತದೆ. ಜರ್ಮನಿಯ ಹರ್ಮನ್ ಎಬಿಂಗ್‌ಹೌಸ್ 1885ರಲ್ಲಿಯೇ ಇದನ್ನು ಗುರುತಿಸಿದ್ದರು.
• ನೆನಪಿನಿಂದ ಹೊರತರುವಿಕೆ: ಪಾಠವನ್ನು ಮತ್ತೆ ಓದುವುದಕ್ಕಿಂತ, ಪುಸ್ತಕ ಮುಚ್ಚಿ ನೆನಪಿನಿಂದ ಹೇಳುವುದು ಅಥವಾ ಸ್ಲೇಟಿನ ಮೇಲೆ ಬರೆಯುವುದು ಹೆಚ್ಚು ಪರಿಣಾಮಕಾರಿ. ಅಮೆರಿಕದ ರೋಡಿಗರ್ ಮತ್ತು ಕಾರ್ಪಿಕಿ 2006ರಲ್ಲಿ ಪ್ರಕಟಿಸಿದ ಪ್ರಯೋಗಗಳು ಇದಕ್ಕೆ ಪ್ರಸಿದ್ಧ ಆಧಾರ.
• ಸ್ಮರಣೆಯ ಮಿತಿ: ಮನಸ್ಸು ಒಮ್ಮೆಗೆ ಹಿಡಿದಿಟ್ಟುಕೊಳ್ಳಬಲ್ಲ ಹೊಸ ವಿಷಯಗಳು ಕೆಲವೇ. ಒಂದರ ಹಿಂದೊಂದು ನಾಲ್ಕೈದು ಸೂಚನೆ ಕೊಟ್ಟಾಗ ಮಗು ಕೆಲಸವನ್ನು ಅರ್ಧಕ್ಕೆ ಬಿಟ್ಟರೆ ಅದು ಅವಿಧೇಯತೆ ಆಗಿರಬೇಕಿಲ್ಲ. ಹಂತ ಹಂತವಾಗಿ ಹೇಳಿದರೆ ಆ ಹೊರೆ ತಗ್ಗುತ್ತದೆ.
• ಭಯ ಮತ್ತು ನಿದ್ರೆ: ತೀವ್ರ ಆತಂಕವು ಗಮನವನ್ನೂ ತತ್‌ಕ್ಷಣದ ಸ್ಮರಣೆಯನ್ನೂ ಕುಗ್ಗಿಸುತ್ತದೆ. ಕಲಿತದ್ದು ನೆಲೆಗೊಳ್ಳಲು ನಿದ್ರೆ ನೆರವಾಗುತ್ತದೆ. ಭಾರತದಲ್ಲಿ 2009ರ ಶಿಕ್ಷಣ ಹಕ್ಕು ಕಾಯಿದೆಯ 17ನೆಯ ಪ್ರಕರಣವು ದೈಹಿಕ ಶಿಕ್ಷೆ ಮತ್ತು ಮಾನಸಿಕ ಕಿರುಕುಳವನ್ನು ನಿಷೇಧಿಸಿದೆ.

ಕನ್ನಡ ಓದಿನ ಕಲಿಕೆ

ಇಂಗ್ಲಿಷಿನಲ್ಲಿ ಅಕ್ಷರಗಳು 26. ಕಷ್ಟವಿರುವುದು ಕಾಗುಣಿತ ಮತ್ತು ಉಚ್ಚಾರಣೆಗಳ ಹೊಂದಾಣಿಕೆಯಲ್ಲಿ. ಕನ್ನಡದಲ್ಲಿ ಬರೆದಂತೆ ಓದುವುದು ಬಹುಮಟ್ಟಿಗೆ ಸಾಧ್ಯ, ಆದರೆ ಗುರುತಿಸಬೇಕಾದ ರೂಪಗಳ ಸಂಖ್ಯೆ ಬಹಳ ದೊಡ್ಡದು. ವರ್ಣಮಾಲೆಯ 49 ಅಕ್ಷರಗಳಲ್ಲಿ 34 ವ್ಯಂಜನಗಳಿವೆ. ಪ್ರತಿಯೊಂದಕ್ಕೂ 15 ಕಾಗುಣಿತ ರೂಪಗಳಿರುವುದರಿಂದ ಕಾಗುಣಿತವೊಂದರಲ್ಲಿಯೇ 510 ರೂಪಗಳಾಗುತ್ತವೆ. ಒತ್ತಕ್ಷರಗಳು ಇದಕ್ಕೆ ಸೇರುತ್ತವೆ. ಕೆಲವೆಡೆ ಕಣ್ಣಿಗೆ ಕಾಣುವ ಕ್ರಮ ಮತ್ತು ಕಿವಿಗೆ ಕೇಳುವ ಕ್ರಮ ಒಂದೇ ಆಗಿರುವುದಿಲ್ಲ. ‘ಸೂರ್ಯ’ ಎಂಬ ಪದದಲ್ಲಿ ‘ರ್’ ಧ್ವನಿಯು ‘ಯ’ಕ್ಕಿಂತ ಮೊದಲು ಕೇಳಿಸಿದರೂ ಅದರ ಚಿಹ್ನೆಯಾದ ಅರ್ಕಾವತ್ತು ‘ಯ’ದ ನಂತರ ಬರುತ್ತದೆ.

ಬೆಂಗಳೂರಿನ ಪ್ರಾಮಿಸ್ ಫೌಂಡೇಶನ್ನಿನ ಸಂಶೋಧಕಿ ಸೊನಾಲಿ ನಾಗ್ ಅವರು ಕನ್ನಡದ ಆರಂಭಿಕ ಓದನ್ನು ಕುರಿತ ಅಧ್ಯಯನವನ್ನು 2007ರಲ್ಲಿ ಪ್ರಕಟಿಸಿದರು. ಅಕ್ಷರಜ್ಞಾನವು ಮೊದಲ ಎರಡು ವರ್ಷಗಳಲ್ಲಿ ಪೂರ್ಣಗೊಳ್ಳದೆ 3 ಮತ್ತು 4ನೆಯ ತರಗತಿಗಳವರೆಗೂ ಬೆಳೆಯುತ್ತಾ ಹೋಗುತ್ತದೆ ಎಂದು ಅದರಲ್ಲಿ ಕಂಡುಬಂದಿತು. ಪದವನ್ನು ಉಚ್ಚಾರಾಂಶಗಳಾಗಿ ಬಿಡಿಸುವ ಅರಿವು ಮೊದಲು ಬರುತ್ತದೆ. ‘ಕ’ವನ್ನು ‘ಕ್’ ಮತ್ತು ‘ಅ’ ಎಂದು ಬಿಡಿಸುವ ಅರಿವು ನಿಧಾನವಾಗಿ ಬರುತ್ತದೆ. ಆದ್ದರಿಂದ ಇಂಗ್ಲಿಷ್ ಮಕ್ಕಳಿಗಾಗಿ ರೂಪಿಸಿದ ಅಳತೆಗೋಲಿನಿಂದ ಕನ್ನಡದ ಮಗುವನ್ನು ‘ಹಿಂದುಳಿದವನು’ ಎಂದು ನಿರ್ಧರಿಸುವುದು ತಪ್ಪಾಗಬಹುದು. ಒತ್ತಕ್ಷರಗಳನ್ನು ಒಂದು ವರ್ಷದಲ್ಲಿ ಮುಗಿಸಿ ಕೈಬಿಡದೆ ಮುಂದಿನ ತರಗತಿಗಳಲ್ಲಿಯೂ ಅಭ್ಯಾಸ ಮಾಡಿಸಬೇಕೆಂಬುದು ಇದರ ನೇರ ಸೂಚನೆ.

ಡಿಸ್ಲೆಕ್ಸಿಯಾ ಮತ್ತು ಇತರ ಕಲಿಕಾ ನ್ಯೂನತೆಗಳು

ಬುದ್ಧಿಮಟ್ಟ ಸಾಮಾನ್ಯವಾಗಿದ್ದು, ದೃಷ್ಟಿ ಮತ್ತು ಶ್ರವಣ ಸರಿಯಾಗಿದ್ದು, ಸಾಕಷ್ಟು ಬೋಧನೆ ದೊರೆತರೂ ಓದು ಮಾತ್ರ ಕೈಗೂಡದ ಸ್ಥಿತಿಗೆ ಡಿಸ್ಲೆಕ್ಸಿಯಾ ಎನ್ನಲಾಗುತ್ತದೆ. ಇದರ ಮೂಲ ಮಿದುಳಿನ ಬೆಳವಣಿಗೆಯಲ್ಲಿದೆ. ತರಗತಿಯಲ್ಲಿ ಇಂತಹ ಮಕ್ಕಳು ‘ದಡ್ಡ’, ‘ಸೋಮಾರಿ’ ಎಂಬ ಹೆಸರು ಪಡೆಯುವುದು ಸಾಮಾನ್ಯ. ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯು ರೂಪಿಸಿದ ನಿರ್ದಿಷ್ಟ ಕಲಿಕಾ ನ್ಯೂನತೆಯ ಪರೀಕ್ಷಾ ಸಾಮಗ್ರಿಯು ದೇಶದಲ್ಲಿ ವ್ಯಾಪಕ ಬಳಕೆಯಲ್ಲಿದೆ. ಹರಿಯಾಣದ ಮಾನೇಸರ್‌ನಲ್ಲಿರುವ ರಾಷ್ಟ್ರೀಯ ಮಿದುಳು ಸಂಶೋಧನಾ ಕೇಂದ್ರವು 2015ರಲ್ಲಿ ‘ಡಾಲಿ’ ಎಂಬ ಡಿಸ್ಲೆಕ್ಸಿಯಾ ಪರೀಕ್ಷಾ ಸಾಧನವನ್ನು ಹಿಂದಿ, ಮರಾಠಿ, ಕನ್ನಡ ಮತ್ತು ಇಂಗ್ಲಿಷ್ ಭಾಷೆಗಳಲ್ಲಿ ಹೊರತಂದಿತು. ಅದರಲ್ಲಿ ಶಿಕ್ಷಕರಿಗಾಗಿ ಪ್ರಾಥಮಿಕ ತಪಾಸಣಾ ಪಟ್ಟಿಗಳೂ ಮನೋವಿಜ್ಞಾನಿಗಳಿಗಾಗಿ ವಿವರವಾದ ಪರೀಕ್ಷೆಗಳೂ ಇವೆ.

2016ರ ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಕಾಯಿದೆಯು ಗುರುತಿಸಿದ 21 ಬಗೆಯ ಅಂಗವೈಕಲ್ಯಗಳಲ್ಲಿ ನಿರ್ದಿಷ್ಟ ಕಲಿಕಾ ನ್ಯೂನತೆಯೂ ಸೇರಿದೆ. ಕರ್ನಾಟಕದ ಸರ್ಕಾರಿ ಶಾಲೆಗಳಲ್ಲಿ ವಿಶೇಷ ಅಗತ್ಯವುಳ್ಳ ಮಕ್ಕಳ ಬೆಂಬಲಕ್ಕೆ ಕ್ಷೇತ್ರ ಸಂಪನ್ಮೂಲ ಕೇಂದ್ರಗಳಲ್ಲಿ ಬಿ.ಐ.ಇ.ಆರ್.ಟಿ. ಎಂದು ಕರೆಯಲಾಗುವ ಸಂಪನ್ಮೂಲ ಶಿಕ್ಷಕರಿದ್ದಾರೆ. ತಪಾಸಣಾ ಪಟ್ಟಿಯು ರೋಗನಿರ್ಣಯವಲ್ಲ; ಶಿಕ್ಷಕರ ಅನುಮಾನವನ್ನು ತಜ್ಞರ ಪರೀಕ್ಷೆಯು ದೃಢಪಡಿಸಬೇಕಾಗುತ್ತದೆ.

ಗಡಿಭಾಗದ ಬಹುಭಾಷಿಕ ತರಗತಿ

ಬೆಳಗಾವಿ ಜಿಲ್ಲೆಯ ಅಥಣಿ, ಕಾಗವಾಡ, ರಾಯಬಾಗ, ಚಿಕ್ಕೋಡಿ ಮತ್ತು ನಿಪ್ಪಾಣಿ ತಾಲ್ಲೂಕುಗಳು ಚಿಕ್ಕೋಡಿ ಶೈಕ್ಷಣಿಕ ಜಿಲ್ಲೆಗೆ ಸೇರುತ್ತವೆ. ಮಹಾರಾಷ್ಟ್ರದ ಗಡಿಗೆ ಹೊಂದಿರುವ ಈ ಭಾಗದಲ್ಲಿ ಕನ್ನಡ ಮಾಧ್ಯಮದ ಜೊತೆಗೆ ಮರಾಠಿ ಮತ್ತು ಉರ್ದು ಮಾಧ್ಯಮದ ಶಾಲೆಗಳೂ ಇವೆ. ಗಡಿಯಾಚೆ ಸಾಂಗಲಿ ಜಿಲ್ಲೆಯ ಜತ್ತ ತಾಲ್ಲೂಕಿನಲ್ಲಿ ಕನ್ನಡ ಶಾಲೆಗಳಿವೆ. ಹೀಗಾಗಿ ಮನೆಯಲ್ಲಿ ಒಂದು ಭಾಷೆ, ಶಾಲೆಯಲ್ಲಿ ಇನ್ನೊಂದು ಭಾಷೆ ಬಳಸುವ ಮಕ್ಕಳು ಇಲ್ಲಿ ಸಾಮಾನ್ಯ.

ಇಂತಹ ತರಗತಿಯಲ್ಲಿ ಭಾಷಾಂತರದ ಪ್ರಭಾವವನ್ನು ನ್ಯೂನತೆಯೆಂದು ಭಾವಿಸುವ ಅಪಾಯವಿದೆ. ಮರಾಠಿಯಲ್ಲಿ ಎ–ಏ ಮತ್ತು ಒ–ಓ ಎಂಬ ಹ್ರಸ್ವ–ದೀರ್ಘ ಭೇದವಿಲ್ಲ; ಕನ್ನಡದಲ್ಲಿ ಆ ಭೇದದಿಂದ ‘ಕೊಡು’ ಮತ್ತು ‘ಕೋಡು’ ಬೇರೆ ಬೇರೆ ಪದಗಳಾಗುತ್ತವೆ. ಮರಾಠಿಯಲ್ಲಿ ಪದದ ಕೊನೆಯ ಅಕಾರವು ಸಾಮಾನ್ಯವಾಗಿ ಉಚ್ಚಾರವಾಗುವುದಿಲ್ಲ. ಕನ್ನಡದಲ್ಲಿ ‘ಮರ’ ಎಂಬುದನ್ನು ಪೂರ್ಣವಾಗಿಯೇ ಓದಬೇಕು. ಮರಾಠಿ ಮನೆಮಾತಿನ ಮಗು ಇಂತಹ ಕಡೆಗಳಲ್ಲಿ ಮಾತ್ರ ಎಡವಿದರೆ ಅದು ಮೊದಲ ಭಾಷೆಯ ಛಾಯೆ. ಎರಡೂ ಭಾಷೆಗಳಲ್ಲಿ ಅಕ್ಷರ ಮತ್ತು ಧ್ವನಿಗಳನ್ನು ಜೋಡಿಸಲು ಮಗು ನಿರಂತರವಾಗಿ ಕಷ್ಟಪಡುತ್ತಿದ್ದರೆ ತಜ್ಞರ ಪರೀಕ್ಷೆ ಅಗತ್ಯ. ಈ ಕಾರಣದಿಂದ ಮಗುವನ್ನು ಅದು ಬಲ್ಲ ಎಲ್ಲ ಭಾಷೆಗಳಲ್ಲಿ ಪರೀಕ್ಷಿಸುವುದು ಸೂಕ್ತವೆಂದು ಪರಿಗಣಿಸಲಾಗುತ್ತದೆ. ಕನ್ನಡ ಮತ್ತು ಮರಾಠಿ ಎರಡರಲ್ಲಿಯೂ ದೊರೆಯುವ ಸಾಧನವು ಗಡಿಭಾಗಕ್ಕೆ ಮುಖ್ಯವಾಗುವುದು ಇದರಿಂದಲೇ.

ನಲಿ-ಕಲಿ ಪದ್ಧತಿಯೊಂದಿಗೆ ಹೋಲಿಕೆ

ಕರ್ನಾಟಕದ ನಲಿ-ಕಲಿ ಪದ್ಧತಿಯು 1995ರಲ್ಲಿ ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ ಯುನಿಸೆಫ್ ನೆರವಿನಿಂದ ಆರಂಭವಾಯಿತು. ಆಂಧ್ರಪ್ರದೇಶದ ಋಷಿ ವ್ಯಾಲಿ ಗ್ರಾಮೀಣ ಶಾಲೆಗಳು ಅದಕ್ಕೆ ಪ್ರೇರಣೆ. 2009–10ರಿಂದ ಅದನ್ನು ರಾಜ್ಯದ ಸರ್ಕಾರಿ ಕನ್ನಡ ಶಾಲೆಗಳ ಆರಂಭಿಕ ತರಗತಿಗಳಿಗೆ ವಿಸ್ತರಿಸಲಾಯಿತು. ಇದು ಮಿದುಳು ಸಂಶೋಧನೆಯಿಂದ ಹುಟ್ಟಿದ ಪದ್ಧತಿಯಲ್ಲ, ಶಿಕ್ಷಕರ ಅನುಭವದಿಂದ ರೂಪುಗೊಂಡದ್ದು. ಆದರೂ ಅದರ ಹಲವು ಅಂಶಗಳು ಮೇಲಿನ ತತ್ತ್ವಗಳಿಗೆ ಹೊಂದುತ್ತವೆ. ಕಲಿಕಾ ಏಣಿ ಮತ್ತು ಮೈಲಿಗಲ್ಲುಗಳು ಕಲಿಕೆಯನ್ನು ಸಣ್ಣ ಹಂತಗಳಾಗಿ ಒಡೆಯುತ್ತವೆ. ಪ್ರತಿ ಮಗುವೂ ತನ್ನ ವೇಗದಲ್ಲಿ ಸಾಗಬಹುದು. ಶಿಕ್ಷಕರ ಪೂರ್ಣ ನೆರವಿನಿಂದ ಸ್ವಕಲಿಕೆಯವರೆಗೆ ಐದು ತಟ್ಟೆಗಳಲ್ಲಿ ಮಕ್ಕಳು ಕೂರುತ್ತಾರೆ. ಅಕ್ಷರಗಳನ್ನು ವರ್ಣಮಾಲೆಯ ಕ್ರಮದಲ್ಲಿ ಕಲಿಸದೆ, ‘ರ, ಗ, ಸ, ದ, ಅ’ ಎಂಬಂತೆ ಬೇಗನೆ ಪದ ಕಟ್ಟಬಲ್ಲ ಗುಂಪುಗಳಲ್ಲಿ ಕಲಿಸಲಾಗುತ್ತದೆ.

ತಪ್ಪು ಕಲ್ಪನೆಗಳು

ಮಿದುಳಿನ ಹೆಸರಿನಲ್ಲಿ ಶಾಲೆಗಳಲ್ಲಿ ಹರಡಿರುವ ಆಧಾರವಿಲ್ಲದ ನಂಬಿಕೆಗಳನ್ನು ನರಮಿಥ್ಯೆಗಳು ಎನ್ನಲಾಗುತ್ತದೆ. ಮನುಷ್ಯ ಮಿದುಳಿನ ಶೇ. 10ನ್ನು ಮಾತ್ರ ಬಳಸುತ್ತಾನೆ ಎಂಬುದು ಮತ್ತು ಮಕ್ಕಳು ‘ಎಡ ಮಿದುಳಿನವರು’ ಅಥವಾ ‘ಬಲ ಮಿದುಳಿನವರು’ ಆಗಿರುತ್ತಾರೆ ಎಂಬುದು ಇವುಗಳಲ್ಲಿ ಸೇರಿವೆ. ನೋಡಿ ಕಲಿಯುವವರು, ಕೇಳಿ ಕಲಿಯುವವರು, ಮಾಡಿ ಕಲಿಯುವವರು ಎಂದು ಮಕ್ಕಳನ್ನು ವಿಂಗಡಿಸಿ ಬೋಧಿಸಿದರೆ ಕಲಿಕೆ ಹೆಚ್ಚುತ್ತದೆ ಎಂಬುದಕ್ಕೂ ಸಾಕಷ್ಟು ಪುರಾವೆಯಿಲ್ಲವೆಂದು ಹೆರಾಲ್ಡ್ ಪ್ಯಾಶ್ಲರ್ ಮತ್ತು ಸಂಗಡಿಗರ 2008ರ ಪರಾಮರ್ಶೆ ಹೇಳಿತು. ಬ್ರಿಟನ್ ಮತ್ತು ನೆದರ್ಲೆಂಡ್ಸ್‌ಗಳಲ್ಲಿ ನಡೆದು 2012ರಲ್ಲಿ ಪ್ರಕಟವಾದ ಸಮೀಕ್ಷೆಯಲ್ಲಿ ಶೇ. 90ಕ್ಕೂ ಹೆಚ್ಚು ಶಿಕ್ಷಕರು ಈ ವಿಂಗಡಣೆಯನ್ನು ನಂಬಿದ್ದುದು ಕಂಡುಬಂದಿತು. ಒಂದೇ ವಿಷಯವನ್ನು ಮಾತು, ಚಿತ್ರ ಮತ್ತು ಚಟುವಟಿಕೆಗಳ ಮೂಲಕ ಎಲ್ಲ ಮಕ್ಕಳಿಗೂ ತೋರಿಸುವುದು ಉಪಯುಕ್ತ. ಮಗುವನ್ನು ಒಂದು ಬಗೆಗೆ ಕಟ್ಟಿಹಾಕುವುದು ಉಪಯುಕ್ತವಲ್ಲ.

ಟೀಕೆ

ಅಮೆರಿಕದ ಜಾನ್ ಬ್ರೂಯರ್ 1997ರಲ್ಲಿ ಬರೆದ ಲೇಖನವೊಂದರಲ್ಲಿ, ನರಕೋಶಗಳ ಅಧ್ಯಯನದಿಂದ ನೇರವಾಗಿ ತರಗತಿಗೆ ಸೇತುವೆ ಕಟ್ಟಲಾಗದು, ನಡುವೆ ಮನೋವಿಜ್ಞಾನವಿರಬೇಕು ಎಂದು ವಾದಿಸಿದರು. ಮಿದುಳಿನ ಚಿತ್ರವು ಓದಿನ ತೊಡಕು ಎಲ್ಲಿದೆ ಎಂಬುದನ್ನು ಸೂಚಿಸಬಹುದಾದರೂ ನಾಳೆಯ ಪಾಠವನ್ನು ಹೇಗೆ ಮಾಡಬೇಕೆಂದು ಹೇಳುವುದಿಲ್ಲ. ಯಾವುದೇ ವಿಧಾನದ ಬೆಲೆಯನ್ನು ಕೊನೆಗೆ ತರಗತಿಯಲ್ಲಿಯೇ ಪರೀಕ್ಷಿಸಬೇಕು ಎಂಬುದು ಟೀಕಾಕಾರರ ನಿಲುವು. ಬೋಧನೆಯ ಫಲಿತಾಂಶದಲ್ಲಿ ಶಿಕ್ಷಕರ ಸಂಖ್ಯೆ, ಮಕ್ಕಳ ಹಾಜರಾತಿ ಮತ್ತು ಪೌಷ್ಟಿಕತೆಗಳ ಪಾಲೂ ದೊಡ್ಡದು. ಕನ್ನಡಕ್ಕೆ ಸಂಬಂಧಿಸಿದಂತೆ ಮತ್ತೊಂದು ಮಿತಿಯಿದೆ: ಕನ್ನಡ ಓದುಗರ ಕುರಿತ ಅಧ್ಯಯನಗಳು ಇಂಗ್ಲಿಷಿನವುಗಳಿಗೆ ಹೋಲಿಸಿದರೆ ಕಡಿಮೆ.