ಬಿದರಿಯ ಎರಡು ಕಪ್ಪು

ಹೋದ ದೀಪಾವಳಿಗೆ ಹುಬ್ಬಳ್ಳಿ ಮನೆಯ ಷೋಕೇಸ್ ಒರೆಸುವ ಕೆಲಸ ನನ್ನ ಪಾಲಿಗೆ ಬಂದಿತ್ತು. ತಾಮ್ರದ ತಂಬಿಗೆ ತಿಕ್ಕಿದ ಹುಣಸೆಹಣ್ಣಿನಿಂದಲೇ ಪಕ್ಕದಲ್ಲಿದ್ದ ಬಿದರಿ ಡಬ್ಬಿಯನ್ನೂ ತಿಕ್ಕಿಬಿಟ್ಟೆ. ಕಪ್ಪು ಹೋಗಿ ಒಂದು ಬದಿ ಬೂದಿ ಬಣ್ಣಕ್ಕೆ ತಿರುಗಿತು. "ಅದೇನ್ ತಂಬಿಗಿ ಏನ್ಲೇ, ಹಂಗ ತಿಕ್ಕಾಕ?" ಅಂತ ಅವ್ವನಿಂದ ಮಂಗಳಾರತಿ ಆಯ್ತು.

ಹೋದ ಆ ಕಪ್ಪು ಬಣ್ಣ ಏನು ಅಂತ ಹುಡುಕಿಕೊಂಡು ಹೊರಟಾಗ ಶಾಲೆಯ ಲ್ಯಾಬ್ ನೆನಪಾಯಿತು. ಮೈಲುತುತ್ತದ ನೀಲಿ ನೀರಿಗೆ ಸತುವಿನ ತುಂಡು ಹಾಕಿದರೆ ನೀಲಿ ತೆಳುವಾಗುತ್ತಾ ಹೋಗಿ, ಸತುವಿನ ಮೇಲೆ ಕಪ್ಪು ಕೂರುತ್ತಿತ್ತು. ಸತು ಕರಗಿ, ದ್ರಾವಣದಲ್ಲಿದ್ದ ತಾಮ್ರವನ್ನು ಹೊರಗೆ ತಳ್ಳುತ್ತದೆ. ತೀರಾ ಸಣ್ಣ ಕಣಗಳಾದ್ದರಿಂದ ಆ ತಾಮ್ರ ಕಪ್ಪಾಗಿ ಕಾಣುತ್ತದೆ, ಅಷ್ಟೆ. ಅದನ್ನೇ ಬೀದರಿನವರು ಶತಮಾನಗಳಿಂದ ಮಾಡುತ್ತಾ ಬಂದಿದ್ದಾರೆ!

15ನೇ ಶತಮಾನದಲ್ಲಿ ಬಹಮನಿ ಸುಲ್ತಾನ ಅಹ್ಮದ್ ಶಾ ರಾಜಧಾನಿಯನ್ನು ಕಲಬುರಗಿಯಿಂದ ಬೀದರಿಗೆ ತಂದ. ಬಿದರಿ ಕಲೆ ಬಹಮನಿಗಳ ಕಾಲದಲ್ಲಿ ಪರ್ಷಿಯಾ ಕಡೆಯಿಂದ ಬಂತು ಅಂತ ಅಲ್ಲಿಯ ಕುಶಲಕರ್ಮಿಗಳು ಹೇಳುತ್ತಾರೆ. 1851ರ ಲಂಡನ್ ಮಹಾ ಪ್ರದರ್ಶನದಲ್ಲೂ ಬಿದರಿ ವಸ್ತುಗಳಿದ್ದವು.

ಬಿದರಿಯ ಲೋಹದಲ್ಲಿ ಬಹುಪಾಲು ಸತು, ಸ್ವಲ್ಪ ತಾಮ್ರ. ಎರಕ ಹೊಯ್ದು, ಅರದಿಂದ ಉಜ್ಜಿ ನುಣುಪು ಮಾಡಿದ ಮೇಲೆ ಮೈಲುತುತ್ತದ ನೀರು ಹಚ್ಚುತ್ತಾರೆ. ಮೈಯೆಲ್ಲ ಕಪ್ಪು! ಆದರೆ ಇದು ಮೊದಲನೇ ಕಪ್ಪು, ಬರೀ ಗೆರೆ ಎಳೆಯುವುದಕ್ಕೆ, ನಮ್ಮ ಸ್ಲೇಟಿನ ಹಾಗೆ. ಎಳೆದ ಗೆರೆಯನ್ನು ಉಳಿಯಿಂದ ಕೆತ್ತಿ, ಬೆಳ್ಳಿಯ ತಂತಿ ಬಡಿದು ಕೂರಿಸಿ, ಮತ್ತೆ ಉಜ್ಜಿದರೆ ಆ ಕಪ್ಪು ಹೋಗುತ್ತದೆ. ಆಗ ಬೂದು ಲೋಹದ ಮೇಲೆ ಬೆಳ್ಳಿಯ ಕೆಲಸ ಸರಿಯಾಗಿ ಕಾಣುವುದೇ ಇಲ್ಲ.

ಎರಡನೇ ಕಪ್ಪು ಬರುವುದು ಕೋಟೆಯ ಮಣ್ಣಿನಿಂದ. ನವಸಾಗರ ಬೆರೆಸಿದ ನೀರಿಗೆ ಆ ಮಣ್ಣು ಕಲಸಿ, ಬಿಸಿ ಮಾಡಿ ಹಚ್ಚುತ್ತಾರೆ. ಮೇಲ್ಪದರದ ಸತು ಕರಗಿ ಹೋಗಿ, ಒಳಗಿದ್ದ ತಾಮ್ರ ಕಪ್ಪು ಪೊರೆಯಾಗಿ ಕೂರುತ್ತದೆ. ಬೆಳ್ಳಿ ಮಾತ್ರ ಬೆಳ್ಳಗೇ ಉಳಿಯುತ್ತದೆ. ಲೋಹದಲ್ಲಿ ಆ ಚೂರು ತಾಮ್ರ ಇಲ್ಲದಿದ್ದರೆ ಈ ಕಪ್ಪು ಬರುವುದೇ ಇಲ್ಲ. ಕೊನೆಗೆ ಎಣ್ಣೆ ಸವರಿದರೆ ಹೊಳಪು.

ಎಲ್ಲ ಮಣ್ಣೂ ಇದಕ್ಕೆ ಆಗುವುದಿಲ್ಲ. ಮಳೆ ಬಿಸಿಲು ಕಾಣದ ಜಾಗದ್ದೇ ಬೇಕು. ಕಾರಣ, ಅದರಲ್ಲಿರುವ ಪೆಟ್ಲುಪ್ಪು ನೀರಿನಲ್ಲಿ ಕರಗುವಂಥದ್ದು, ಮಳೆ ಬಿದ್ದರೆ ತೊಳೆದುಹೋಗುತ್ತದೆ. ಒಳ್ಳೆಯ ಮಣ್ಣು ಯಾವುದು ಅಂತ ಕುಶಲಕರ್ಮಿಗಳು ನಾಲಿಗೆಗೆ ಹಚ್ಚಿ ನೋಡುತ್ತಾರೆ! ನಮ್ಮ ಲ್ಯಾಬಿನಲ್ಲಿ ಯಾರಾದರೂ ಹಾಗೆ ಮಾಡಿದ್ದರೆ ಬೆನ್ನು ಮುರಿಯುತ್ತಿತ್ತು :)

2006ರಲ್ಲಿ ಬಿದರಿಗೆ ಭೌಗೋಳಿಕ ಗುರುತು ಸಿಕ್ಕಿತು. 2023ರಲ್ಲಿ ಬೀದರಿನ ಶಾ ರಶೀದ್ ಅಹ್ಮದ್ ಖಾದ್ರಿ ಅವರಿಗೆ ಪದ್ಮಶ್ರೀ ಬಂತು. ಹೆಸರು, ಪ್ರಶಸ್ತಿ ಎಲ್ಲ ಸರಿ. ಆದರೆ ಕೋಟೆಯ ಮಣ್ಣು ತೆಗೆದಷ್ಟೂ ಕಡಿಮೆಯಾಗುತ್ತದೆ, ಹೊಸದಾಗಿ ಆಗುವುದಕ್ಕೆ ಎಷ್ಟು ಕಾಲ ಬೇಕೋ! ಅಂಥ ಮಣ್ಣು ಕೊಟ್ಟಿದ್ದನ್ನು ನಾನು ಹತ್ತು ನಿಮಿಷದಲ್ಲಿ ಹುಣಸೆಹಣ್ಣಿನಿಂದ ತೊಳೆದುಬಿಟ್ಟೆ.

ನಿಮ್ಮ ಮನೆಯಲ್ಲಿ ಬಿದರಿ ಇದ್ದರೆ ಒಣ ಬಟ್ಟೆಯಲ್ಲಿ ಒರೆಸಿ, ಒಂದು ಹನಿ ಕೊಬ್ಬರಿ ಎಣ್ಣೆ ಸವರಿ. ಹುಳಿ ಮಾತ್ರ ತಾಗಿಸಬೇಡಿ. ನಮ್ಮ ಡಬ್ಬಿಯನ್ನು ಅವ್ವ ಈಗ ಕಲೆ ಗೋಡೆಯ ಕಡೆಗೆ ಬರುವ ಹಾಗೆ ತಿರುಗಿಸಿ ಇಟ್ಟಿದ್ದಾಳೆ.