ಆಟ ಎಲ್ಲಿ ಕೂತಿದೆ? ಕ್ಯಾಸೆಟ್ಟಿನಿಂದ ಫೋನಿನವರೆಗೆ ಒಂದು ಹುಡುಕಾಟ

ಹೋದ ತಿಂಗಳು ಪಕ್ಕದ ಮನೆಯ ಹುಡುಗ ಎರಡು ಫೋನ್ ಹಿಡಿದುಕೊಂಡು ಬಂದ. ಒಂದು ಹಳೆಯದು, ಮೂಲೆಯಲ್ಲಿ ಗ್ಲಾಸ್ ಒಡೆದಿದೆ. ಇನ್ನೊಂದು ಅಡಿಕೆ ಮಾರಿದ ದುಡ್ಡಲ್ಲಿ ಅವರಪ್ಪ ಕೊಡಿಸಿದ ಹೊಸದು. "ಅಣ್ಣಾ, ಇದರಲ್ಲಿರೋ ಗೇಮು ಇದಕ್ಕೆ ಹಾಕ್ಕೊಡಿ. ಪ್ಲೇಸ್ಟೋರಿಂದ ಬೇಡ, ಅದು ಮೊದಲಿಂದ ಶುರುವಾಗ್ತದೆ. ನಾನು ಆಡಿರೋದೆಲ್ಲ ಹಂಗೇ ಬೇಕು" ಅಂದ.

ಟ್ರ್ಯಾಕ್ಟರ್ ಓಡಿಸುವ ಆಟ ಅದು. ನೆಟ್ ಬೇಡ, ಲಾಗಿನ್ ಇಲ್ಲ. ಎರಡು ವರ್ಷ ಆಡಿ ಹೊಲ, ಶೆಡ್ಡು, ಮೂರು ಟ್ರ್ಯಾಕ್ಟರ್ ಮಾಡಿಕೊಂಡಿದ್ದಾನೆ. ನಾವು ಫೈಲ್ ಮ್ಯಾನೇಜರ್ ತೆರೆದೆವು. ಅದರೊಳಗೆ ಆಂಡ್ರಾಯ್ಡ್ ಅನ್ನುವ ಫೋಲ್ಡರ್, ಅದರೊಳಗೆ ಡೇಟಾ. ಒಳಗೆ ಹೋಗಲು ಫೋನ್ ಬಿಡಲಿಲ್ಲ.

ಆಗ ನಮಗೆ 2006ರ ಬೇಸಿಗೆ ರಜೆ ನೆನಪಾಯಿತು.

ಎಸ್ಸೆಸ್ಸೆಲ್ಸಿ ಪರೀಕ್ಷೆ ಮುಗಿಸಿದ ನಾವು ನಾಲ್ಕು ಜನ, ತಾಲ್ಲೂಕು ಕೇಂದ್ರದ ಒಂದು ಕಂಪ್ಯೂಟರ್ ಸೆಂಟರಿನಲ್ಲಿ ಗಂಟೆ ಲೆಕ್ಕಕ್ಕೆ ದುಡ್ಡು ಕೊಟ್ಟು ವೈಸ್ ಸಿಟಿ ಆಡುತ್ತಿದ್ದೆವು. ಒಬ್ಬ ಕೀಬೋರ್ಡು, ಮೂರು ಜನ ಹಿಂದೆ ನಿಂತು ಬಾಯಿ. ಒಂದು ತಿಂಗಳು ಆಡಿದ ಮೇಲೆ ಆ ಕಂಪ್ಯೂಟರಿಗೆ ವೈರಸ್ ಹೊಡೆಯಿತು. ಫಾರ್ಮ್ಯಾಟ್ ಮಾಡಬೇಕು ಅಂದರು ಸೆಂಟರಿನ ಅಣ್ಣ. ನಾವು ಬುದ್ಧಿವಂತರು ಅಂದುಕೊಂಡು ಆಟದ ಪೂರ್ತಿ ಫೋಲ್ಡರನ್ನು ಡಿ ಡ್ರೈವಿಗೆ ಕಾಪಿ ಮಾಡಿಟ್ಟೆವು. ಮರುದಿನ ಆಟ ಏನೋ ತೆರೆಯಿತು, ಆದರೆ ಮೊದಲಿನಿಂದ. ನಾವು ಸಂಪಾದಿಸಿದ ಮನೆ, ಕಾರು, ದುಡ್ಡು ಒಂದೂ ಇಲ್ಲ. ಮೂರು ವರ್ಷ ಬಿಟ್ಟು ಗೊತ್ತಾಗಿದ್ದು: ಆ ಆಟ ನಮ್ಮ ಸೇವ್‌ಗಳನ್ನು ತನ್ನ ಫೋಲ್ಡರಿನಲ್ಲಿ ಇಟ್ಟುಕೊಳ್ಳುತ್ತಲೇ ಇರಲಿಲ್ಲ. ಸಿ ಡ್ರೈವಿನ ಮೈ ಡಾಕ್ಯುಮೆಂಟ್ಸ್ ಒಳಗೆ 'ಜಿಟಿಎ ವೈಸ್ ಸಿಟಿ ಯೂಸರ್ ಫೈಲ್ಸ್' ಅಂತ ಬೇರೆಯೇ ಫೋಲ್ಡರ್ ಇರುತ್ತಿತ್ತು. ಆಟ ಒಂದು ಜಿಬಿಯ ಆಸುಪಾಸು. ನಮ್ಮ ಒಂದು ತಿಂಗಳು ಸುಮಾರು 200 ಕೆಬಿ. ದೊಡ್ಡದನ್ನು ಉಳಿಸಿಕೊಂಡು ಸಣ್ಣದನ್ನು ಕಳೆದುಕೊಂಡಿದ್ದೆವು.

ಆಟ ಒಂದು ಕಡೆ, ಆಡಿದ್ದು ಇನ್ನೊಂದು ಕಡೆ. ಇವೆರಡೂ ಯಾವಾಗ ಬೇರೆಯಾದವು?

ಮೊದಮೊದಲು ಫೈಲು ಅನ್ನುವ ಮಾತೇ ಇರಲಿಲ್ಲ. ಅಮೆರಿಕದಲ್ಲಿ 1977ರಲ್ಲಿ ಬಂದ ಅಟಾರಿ 2600, ಜಪಾನಿನಲ್ಲಿ 1983ರಲ್ಲಿ ಬಂದ ನಿಂಟೆಂಡೊದ ಫ್ಯಾಮಿಕಾಮ್, ಇವೆಲ್ಲ ಟೀವಿಗೆ ಜೋಡಿಸುವ ಪೆಟ್ಟಿಗೆಗಳು. ಆಟ ಇರುತ್ತಿದ್ದದ್ದು ಮೇಲೆ ಸಿಕ್ಕಿಸುವ ಪ್ಲಾಸ್ಟಿಕ್ ಡಬ್ಬಿಯ ಚಿಪ್ಪಿನಲ್ಲಿ. ನಮ್ಮ ಕಡೆ ಅದನ್ನು ಎಲ್ಲರೂ 'ಕ್ಯಾಸೆಟ್' ಅಂತಲೇ ಕರೆದರು. ಫ್ಯಾಮಿಕಾಮಿನ ನಕಲುಗಳು 'ಟೀವಿ ಗೇಮ್' ಆಗಿ ಜಾತ್ರೆ ಅಂಗಡಿಗಳವರೆಗೂ ಬಂದವು. ಒಂದೇ ಕ್ಯಾಸೆಟ್ಟಿನ ಮೇಲೆ ಸಾವಿರಗಟ್ಟಲೆ ಆಟ ಅಂತ ಬರೆದಿರುತ್ತಿದ್ದರು, ಒಳಗೆ ಅವವೇ ಏಳೆಂಟು ತಿರುಗಿ ತಿರುಗಿ ಬರುತ್ತಿದ್ದವು, ಬಿಡಿ.

ಅಟಾರಿಯ ಆರಂಭದ ಆಟಗಳು 4 ಕೆಬಿ ಅಥವಾ ಅದಕ್ಕಿಂತ ಕಡಿಮೆ. 1985ರ ಸೂಪರ್ ಮಾರಿಯೋ ಬ್ರದರ್ಸ್ ಪೂರ್ತಿ ಆಟ 40 ಕೆಬಿ. ಈಗ ವಾಟ್ಸಾಪ್‌ನಲ್ಲಿ ಬರುವ ಗುಡ್ ಮಾರ್ನಿಂಗ್ ಫೋಟೋ ಅದಕ್ಕಿಂತ ದೊಡ್ಡದಿರುತ್ತದೆ. ಆಟ ಎಲ್ಲಿದೆ ಅಂತ ಯಾರೂ ಹುಡುಕಬೇಕಿರಲಿಲ್ಲ, ಕೈಯಲ್ಲೇ ಇತ್ತು. ಗೆಳೆಯನಿಗೆ ಕೊಟ್ಟರೆ ಆಟ ಅವನ ಮನೆಗೆ ಹೋಯಿತು.

ಆದರೆ ಆ ಚಿಪ್ಪಿನಲ್ಲಿ ಓದಬಹುದಿತ್ತು, ಬರೆಯಲು ಬರುತ್ತಿರಲಿಲ್ಲ. ನಮ್ಮೂರಿನಲ್ಲಿ ಇದರ ಅರ್ಥ ಎಲ್ಲರಿಗೂ ಗೊತ್ತು: ಮಾರಿಯೋ ಏಳನೇ ಲೋಕ ತಲುಪಿದ್ದಾಗ ಕರೆಂಟ್ ಹೋಯಿತು ಅಂದರೆ ಮತ್ತೆ ಒಂದನೆಯದರಿಂದ. ಕೆಲವು ಆಟಗಳು ಉದ್ದದ ಪಾಸ್‌ವರ್ಡ್ ತೋರಿಸುತ್ತಿದ್ದವು, ಅದನ್ನು ನೋಟ್‌ಬುಕ್ಕಿನ ಹಿಂದಿನ ಹಾಳೆಯಲ್ಲಿ ಬರೆದುಕೊಂಡು ಮರುದಿನ ಒತ್ತಬೇಕು. 1987ರಲ್ಲಿ ಅಮೆರಿಕಕ್ಕೆ ಬಂದ 'ದ ಲೆಜೆಂಡ್ ಆಫ್ ಜೆಲ್ಡಾ' ಆಟದ ಕ್ಯಾಸೆಟ್ಟಿನೊಳಗೆ ಒಂದು ಸಣ್ಣ ಬಟನ್ ಸೆಲ್ ಕೂರಿಸಿದರು. ಆ ಸೆಲ್ಲಿನ ಬಲದಿಂದ, ಕರೆಂಟ್ ಇಲ್ಲದಾಗಲೂ ಆಡಿದ್ದು ನೆನಪಿನಲ್ಲಿ ಉಳಿಯುತ್ತಿತ್ತು. ಸೆಲ್ ಸತ್ತ ದಿನ ಅಷ್ಟೂ ಹೋಯಿತು. ಹಳೆಯ ಕ್ಯಾಸೆಟ್ ಇಟ್ಟುಕೊಂಡವರು ಈಗ ಸೆಲ್ ಬದಲಿಸುವ ಕೆಲಸ ಮಾಡುತ್ತಿದ್ದಾರೆ.

ಕಂಪ್ಯೂಟರಿನ ಕಥೆ ಬೇರೆ. ಬ್ರಿಟನ್ನಿನ ಜೆಡ್‌ಎಕ್ಸ್ ಸ್ಪೆಕ್ಟ್ರಮ್ ತರದ ಯಂತ್ರಗಳಲ್ಲಿ ಆಟ ಬರುತ್ತಿದ್ದದ್ದು ನಿಜವಾದ ಹಾಡಿನ ಕ್ಯಾಸೆಟ್ಟಿನಲ್ಲೇ. ಟೇಪ್ ರೆಕಾರ್ಡರಿಗೆ ಹಾಕಿ ಕೀರಲು ಸದ್ದು ಕೇಳುತ್ತಾ ಕೆಲವು ನಿಮಿಷ ಕಾಯಬೇಕು. ಆಮೇಲೆ ಫ್ಲಾಪಿ ಬಂತು, ಹಾರ್ಡ್ ಡಿಸ್ಕ್ ಬಂತು. ಡಾಸ್ ಕಾಲದಲ್ಲಿ ಎಲ್ಲ ಒಂದೇ ಫೋಲ್ಡರಿನಲ್ಲಿ. ಹಳೆಯ ಕಂಪ್ಯೂಟರ್ ಲ್ಯಾಬಿನಲ್ಲಿ ಕಲಿತವರಿಗೆ ಪ್ರಿನ್ಸ್ ಆಫ್ ಪರ್ಷಿಯಾ ನೆನಪಿರಬೇಕು. ಕಪ್ಪು ಪರದೆಯಲ್ಲಿ 'ಸಿಡಿ ಪ್ರಿನ್ಸ್' ಅಂತ ಹೊಡೆದು ಒಳಗೆ ಹೋಗಿ, ಮತ್ತೆ 'ಪ್ರಿನ್ಸ್' ಅಂದರೆ ಆಟ ಶುರು. ಕಂಟ್ರೋಲ್ ಜೊತೆ ಜಿ ಒತ್ತಿದರೆ ಅದೇ ಫೋಲ್ಡರಿನಲ್ಲಿ 'ಪ್ರಿನ್ಸ್ ಡಾಟ್ ಸೇವ್' ಅನ್ನುವ ಪುಟ್ಟ ಫೈಲು ಹುಟ್ಟುತ್ತಿತ್ತು. ಆ ಫೋಲ್ಡರನ್ನು ಒಂದು ಫ್ಲಾಪಿಗೆ ಹಾಕಿಕೊಂಡರೆ ಆಟವೂ ಬಂತು, ಆಡಿದ್ದೂ ಬಂತು. ನಮ್ಮ ಪ್ರಕಾರ ಹುಡುಕುವವನಿಗೆ ಅದಕ್ಕಿಂತ ಸುಖದ ಕಾಲ ಇರಲಿಲ್ಲ.

ಈ ಪ್ರಿನ್ಸ್ ಆಟದ್ದೇ ಇನ್ನೊಂದು ಹುಡುಕಾಟ ಇದೆ. 1989ರಲ್ಲಿ ಆಪಲ್ 2 ಕಂಪ್ಯೂಟರಿಗೆ ಈ ಆಟ ಬರೆದವರು ಜೋರ್ಡನ್ ಮೆಕ್ನರ್. ಅವರು ಬರೆದ ಮೂಲ ಕೋಡ್ ಎಲ್ಲಿದೆ ಅಂತ ಅವರಿಗೇ ಗೊತ್ತಿರಲಿಲ್ಲ, ಕಳೆದೇಹೋಯಿತು ಅಂದುಕೊಂಡಿದ್ದರು. 2012ರಲ್ಲಿ ಅವರ ತಂದೆ ಮನೆ ಸ್ವಚ್ಛ ಮಾಡುವಾಗ ಒಂದು ರಟ್ಟಿನ ಡಬ್ಬಿ ಸಿಕ್ಕಿತು. ಒಳಗೆ ಫ್ಲಾಪಿಗಳು, ಮೇಲೆ ಮಗನ ಕೈಬರಹ. ಇಪ್ಪತ್ತು ವರ್ಷ ದಾಟಿದ ಫ್ಲಾಪಿಯನ್ನು ಸುಮ್ಮನೆ ಹಾಕಿ ಓದಲು ಆಗುವುದಿಲ್ಲ. ಹಳೆಯ ಯಂತ್ರ ಬಲ್ಲವರನ್ನು ಕರೆಸಿ ಫೈಲುಗಳನ್ನು ಹೊರಗೆ ತೆಗೆದು, ಇಡೀ ಕೋಡನ್ನು ನೆಟ್ಟಿನಲ್ಲಿ ಎಲ್ಲರಿಗೂ ಇಟ್ಟರು. ಆಟ ಬರೆದವನಿಗೇ ತನ್ನ ಫೈಲು ಸಿಕ್ಕಿದ್ದು ಅಪ್ಪ ಡಬ್ಬಿ ಎಸೆಯದೆ ಇಟ್ಟಿದ್ದರಿಂದ.

1993ರ ಡಿಸೆಂಬರಿನಲ್ಲಿ ಬಂದ ಡೂಮ್ ಆಟ ಹೊಸದೊಂದು ಮಾಡಿತು. ಆಟ ಓಡಿಸುವ ಪ್ರೋಗ್ರಾಂ ಒಂದು ಫೈಲು. ಗೋಡೆ, ರಾಕ್ಷಸರು, ಸದ್ದು ಎಲ್ಲ ಸೇರಿ 'ವ್ಯಾಡ್' ಅನ್ನುವ ಇನ್ನೊಂದು ದೊಡ್ಡ ಫೈಲು. ವ್ಯಾಡ್ ಬದಲಿಸಿದರೆ ಆಟದ ಊರೇ ಬದಲು. ಜನ ತಮ್ಮದೇ ವ್ಯಾಡ್ ಬರೆದು ಹಂಚಲು ಶುರುಮಾಡಿದರು, ಇವತ್ತಿಗೂ ಬರೆಯುತ್ತಿದ್ದಾರೆ. ಫೈಲು ಎಲ್ಲಿದೆ ಅಂತ ಗೊತ್ತಿದ್ದವರು ಆಟ ಆಡುವವರಷ್ಟೇ ಆಗಿ ಉಳಿಯಲಿಲ್ಲ.

ಗೊಂದಲ ಶುರುವಾಗಿದ್ದು ವಿಂಡೋಸ್ 95ರಿಂದ. ಪ್ರೋಗ್ರಾಂಗಳಿಗೆಲ್ಲ 'ಪ್ರೋಗ್ರಾಂ ಫೈಲ್ಸ್' ಅನ್ನುವ ಒಂದೇ ಕೋಣೆ. ಜೊತೆಗೆ ರಿಜಿಸ್ಟ್ರಿ ಅನ್ನುವ ಖಾತೆ ಪುಸ್ತಕ: ಯಾವ ಆಟ ಎಲ್ಲಿ ಕೂತಿದೆ ಅಂತ ಅದರಲ್ಲಿ ಬರೆದಿರುತ್ತದೆ. ಫೋಲ್ಡರ್ ಕಾಪಿ ಮಾಡಿದರೂ ಖಾತೆಯಲ್ಲಿ ಹೆಸರಿಲ್ಲದಿದ್ದರೆ ಎಷ್ಟೋ ಆಟ ತೆರೆಯುವುದಿಲ್ಲ. 2001ರ ಎಕ್ಸ್‌ಪಿ ಬಂದ ಮೇಲೆ ಮನೆಮನೆಯ ಕಂಪ್ಯೂಟರಿನಲ್ಲೂ ಅಪ್ಪನಿಗೊಂದು, ಮಗನಿಗೊಂದು ಖಾತೆ. ಒಬ್ಬರ ಆಟ ಇನ್ನೊಬ್ಬರದ್ದಕ್ಕೆ ಬೆರೆಯಬಾರದು ಅಂತ ಸೇವ್‌ಗಳನ್ನು ಆಟದ ಫೋಲ್ಡರಿನಿಂದ ತೆಗೆದು ಅವರವರ ಡಾಕ್ಯುಮೆಂಟ್ಸ್‌ಗೆ ಸಾಗಿಸುವ ಪದ್ಧತಿ ಗಟ್ಟಿಯಾಯಿತು. ನಮ್ಮ ವೈಸ್ ಸಿಟಿ ಹೋಗಿದ್ದು ಹೀಗೆ. ಪದ್ಧತಿ ತಪ್ಪಲ್ಲ. ನಮಗೆ ಯಾರೂ ಹೇಳಲಿಲ್ಲ ಅಷ್ಟೆ.

2007ರ ವಿಸ್ತಾ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಪ್ರೋಗ್ರಾಂ ಫೈಲ್ಸ್ ಒಳಗೆ ಆಟಗಳು ಸುಮ್ಮನೆ ಬರೆಯುವುದನ್ನೇ ತಡೆಯಿತು. 'ಸೇವ್ಡ್ ಗೇಮ್ಸ್' ಅಂತ ಬೇರೆ ಫೋಲ್ಡರ್ ಕೊಟ್ಟಿತು, ಕೆಲವು ಆಟ ಮಾತ್ರ ಅದನ್ನು ಬಳಸಿದವು. ಉಳಿದವು ಡಾಕ್ಯುಮೆಂಟ್ಸ್‌ನ 'ಮೈ ಗೇಮ್ಸ್'ನಲ್ಲಿ, ಇಲ್ಲವೇ 'ಆ್ಯಪ್‌ಡೇಟಾ' ಅನ್ನುವ ಕಣ್ಣಿಗೆ ಕಾಣದ ಫೋಲ್ಡರಿನಲ್ಲಿ. ಕಂಪ್ಯೂಟರಿನಲ್ಲಿ ಮೈನ್‌ಕ್ರಾಫ್ಟ್‌ನ ಜಾವಾ ಆವೃತ್ತಿ ಆಡುವ ಮಕ್ಕಳಿದ್ದರೆ ನೋಡಿ, ಅವರು ತಿಂಗಳುಗಟ್ಟಲೆ ಕಟ್ಟಿದ ಊರು ಇರುವುದು ಅಲ್ಲೇ. ಕಂಪ್ಯೂಟರ್ ಫಾರ್ಮ್ಯಾಟಿಗೆ ಕೊಡುವ ಮೊದಲು ಆ್ಯಪ್‌ಡೇಟಾ ತೆರೆದು 'ಡಾಟ್ ಮೈನ್‌ಕ್ರಾಫ್ಟ್', ಅದರೊಳಗಿನ 'ಸೇವ್ಸ್' ಪೆನ್‌ಡ್ರೈವಿಗೆ ಹಾಕಿಕೊಳ್ಳಬೇಕು.

2003ರಲ್ಲಿ ಶುರುವಾದ ಸ್ಟೀಮ್ ಅಂಗಡಿಯೂ ಇದೇ ದಾರಿ ಹಿಡಿಯಿತು. ಮೊದಲು ಆಟಗಳನ್ನು ದೊಡ್ಡ ಗಂಟುಗಳಾಗಿ ಇಡುತ್ತಿತ್ತು. 2013ರ ಸುಮಾರಿಗೆ ಅದನ್ನು ಬಿಟ್ಟು 'ಸ್ಟೀಮ್‌ಆ್ಯಪ್ಸ್' ಒಳಗಿನ 'ಕಾಮನ್' ಫೋಲ್ಡರಿನಲ್ಲಿ ಬಿಡಿಬಿಡಿಯಾಗಿ ಇಡತೊಡಗಿತು. ಈಗ ಆಟದ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ, ಮ್ಯಾನೇಜ್, ಆಮೇಲೆ 'ಬ್ರೌಸ್ ಲೋಕಲ್ ಫೈಲ್ಸ್' ಒತ್ತಿದರೆ ಫೋಲ್ಡರ್ ತೆರೆದುಕೊಳ್ಳುತ್ತದೆ. ಇಷ್ಟು ಮರ್ಯಾದೆ ಎಲ್ಲ ಕಂಪನಿಗಳೂ ಕೊಡುವುದಿಲ್ಲ.

ಟೀವಿ ಪೆಟ್ಟಿಗೆಗಳು ಹೋಗಿದ್ದು ಉಲ್ಟಾ ದಾರಿಯಲ್ಲಿ. 1994ರ ಪ್ಲೇಸ್ಟೇಷನ್ನಿಗೆ ಸೇವ್ ಇಡಲು 128 ಕೆಬಿಯ ಮೆಮೊರಿ ಕಾರ್ಡ್ ಇತ್ತು. ಜೇಬಿಗೆ ಹಾಕಿಕೊಂಡು ಗೆಳೆಯನ ಮನೆಗೆ ಹೋಗಬಹುದು. 2000ದ ಪಿಎಸ್2ಗೆ 8 ಎಂಬಿ ಕಾರ್ಡ್. 2001ರ ಎಕ್ಸ್‌ಬಾಕ್ಸ್ 8 ಜಿಬಿ ಹಾರ್ಡ್ ಡಿಸ್ಕನ್ನು ಒಳಗೇ ಇಟ್ಟುಕೊಂಡು ಬಂತು. 2013ರ ಪಿಎಸ್4ರಲ್ಲಿ ಡಿಸ್ಕ್ ಕೊಂಡರೂ ಆಟವನ್ನು ಹಾರ್ಡ್ ಡಿಸ್ಕಿಗೆ ಇಳಿಸಿಯೇ ಆಡಬೇಕು, ಆದರೆ ಆ ಫೈಲುಗಳು ನಿಮಗೆ ಕಾಣುವುದಿಲ್ಲ. ಕಾಣುವುದು ಆಟದ ಹೆಸರು, ಎಷ್ಟು ಜಾಗ ತಿಂದಿದೆ ಅನ್ನುವ ಲೆಕ್ಕ, ಅಳಿಸುವ ಬಟನ್. ಸೇವ್‌ಗಳನ್ನು ಪೆನ್‌ಡ್ರೈವಿಗೆ ಹಾಕಲು ಮಾತ್ರ ಬಿಡುತ್ತಿತ್ತು. 2020ರ ಪಿಎಸ್5ರಲ್ಲಿ ಪಿಎಸ್5 ಆಟಗಳ ಮಟ್ಟಿಗೆ ಅದನ್ನೂ ತೆಗೆದರು. ಕಂಪನಿಯ ಕ್ಲೌಡಿನಲ್ಲಿ ಇಡಬೇಕು ಅಂದರೆ ಚಂದಾ ಕಟ್ಟಬೇಕು. ನಿಂಟೆಂಡೊ ಸ್ವಿಚ್‌ನಲ್ಲೂ ಆಟವನ್ನು ಮೆಮೊರಿ ಕಾರ್ಡಿಗೆ ಹಾಕಬಹುದು, ಸೇವ್ ಮಾತ್ರ ಯಂತ್ರದೊಳಗೇ.

ನಮ್ಮೂರಿನವರಿಗೆ ಇದೆಲ್ಲ ದೂರದ ಮಾತು ಅನ್ನಿಸಬಹುದು. ನಾವು ನೇರ ಫೋನಿಗೆ ಜಿಗಿದವರು. ಅಲ್ಲೂ ಇದೇ ಚರಿತ್ರೆ ಹತ್ತು ವರ್ಷದಲ್ಲಿ ಮರುಕಳಿಸಿತು. ಆಟದ ಆ್ಯಪ್ ಒಂದು ಎಪಿಕೆ ಫೈಲು. 2012ರಲ್ಲಿ ಗೂಗಲ್, ಎಪಿಕೆ 50 ಎಂಬಿ ಮೀರಬಾರದು, ಹೆಚ್ಚಿಗೆ ಬೇಕಿದ್ದರೆ ಪಕ್ಕದಲ್ಲಿ ಇಟ್ಟುಕೊಳ್ಳಿ ಅಂತ ಒಬಿಬಿ ಫೈಲಿನ ವ್ಯವಸ್ಥೆ ಮಾಡಿತು. ಅಲ್ಲಿಂದ 'ಆಂಡ್ರಾಯ್ಡ್, ಒಬಿಬಿ' ಅನ್ನುವ ದಾರಿ ಹಳ್ಳಿ ಹುಡುಗರ ಬಾಯಿಪಾಠ. 2018ರಲ್ಲಿ ಪಬ್‌ಜಿ ಮೊಬೈಲ್ ಬಂದಾಗ ಒಬ್ಬ ಡೌನ್‌ಲೋಡ್ ಮಾಡಿದರೆ ಸಾಕು, ಬಸ್‌ಸ್ಟ್ಯಾಂಡಿನ ಕಟ್ಟೆ ಮೇಲೆ ಶೇರ್‌ಇಟ್‌ನಲ್ಲಿ ಉಳಿದವರ ಫೋನಿಗೆಲ್ಲ ಎಪಿಕೆ, ಒಬಿಬಿ ಎರಡೂ ಹೋಗುತ್ತಿದ್ದವು. 2020ರ ಜೂನಿನಲ್ಲಿ ಸರ್ಕಾರ ಶೇರ್‌ಇಟ್ ಸೇರಿ 59 ಆ್ಯಪ್ ನಿಷೇಧಿಸಿತು, ಸೆಪ್ಟೆಂಬರಿನಲ್ಲಿ ಪಬ್‌ಜಿಯನ್ನೂ. ಅದೇ ವರ್ಷ ಬಂದ ಆಂಡ್ರಾಯ್ಡ್ 11, ಒಂದು ಆ್ಯಪ್‌ನ ಫೋಲ್ಡರನ್ನು ಇನ್ನೊಂದು ಆ್ಯಪ್ ಇಣುಕದಂತೆ ಬಾಗಿಲು ಹಾಕಿತು. ಕಳ್ಳ ಆ್ಯಪ್‌ಗಳು ನಿಮ್ಮ ಫೈಲು ಓದಬಾರದು ಅಂತ ಹಾಕಿದ ಬಾಗಿಲು ಅದು, ಒಳ್ಳೆಯದೇ. ಆದರೆ ಫೋನಿನ ಮಾಲೀಕನೂ ಹೊರಗೇ ನಿಂತ.

ಪಕ್ಕದ ಮನೆ ಹುಡುಗನ ಫೋನನ್ನು ಕೇಬಲ್ ಹಾಕಿ ಕಂಪ್ಯೂಟರಿಗೆ ಜೋಡಿಸಿದೆವು. ಆಂಡ್ರಾಯ್ಡ್ ಫೋಲ್ಡರಿನಲ್ಲಿ ಆ ಆಟದ ಹೆಸರು ಸಿಕ್ಕಿತು. ಒಳಗೆ ಚಿತ್ರ, ಸದ್ದುಗಳ ಫೈಲು ಇತ್ತು, ಅವನ ಹೊಲ ಇರಲಿಲ್ಲ. ಅದು ಇನ್ನೂ ಒಳಗಿನ ಖಾಸಗಿ ಜಾಗದಲ್ಲಿದೆ. ರೂಟ್ ಮಾಡದೆ ಅಲ್ಲಿಗೆ ಹೋಗುವಂತಿಲ್ಲ, ರೂಟ್ ಮಾಡಲು ಹೊರಟರೆ ಸಾಮಾನ್ಯವಾಗಿ ಫೋನಿನಲ್ಲಿರುವುದೆಲ್ಲ ಮೊದಲು ಅಳಿಸಿಹೋಗುತ್ತದೆ.

ಅವನು ಇಷ್ಟರಲ್ಲಿ ಹಳೆ ಫೋನಿನ ಸೆಟ್ಟಿಂಗ್ಸಿಗೆ ಹೋಗಿ ಆ ಆಟದ ಮೇಲೆ ಬೆರಳಿಟ್ಟಿದ್ದ. ಎರಡು ಬಟನ್ ಇದ್ದವು. ಕ್ಲಿಯರ್ ಕ್ಯಾಶ್ ಒತ್ತಿದರೆ ತಾತ್ಕಾಲಿಕ ಕಸ ಹೋಗುತ್ತದೆ. ಕ್ಲಿಯರ್ ಡೇಟಾ, ಕೆಲವು ಫೋನಿನಲ್ಲಿ ಕ್ಲಿಯರ್ ಸ್ಟೋರೇಜ್ ಅಂತಿರುತ್ತದೆ, ಅದನ್ನು ಒತ್ತಿದರೆ ಎರಡು ವರ್ಷ ಹೋಗುತ್ತದೆ. ನಾವು ಅವನ ಕೈ ಹಿಡಿದುಕೊಂಡೆವು.

ಹಳೆ ಫೋನನ್ನು ಎಕ್ಸ್‌ಚೇಂಜಿಗೆ ಕೊಡಬೇಕು ಅಂತ ಅವರಪ್ಪ ಮಾತಾಡಿಯಾಗಿತ್ತು. ಈಗ ಅದು ಅವರ ಮನೆ ಟೀವಿ ಪಕ್ಕ ಚಾರ್ಜಿಗೆ ಹಾಕಿದಲ್ಲೇ ಇದೆ. ಸಿಮ್ ಇಲ್ಲ. ಸಂಜೆ ಸ್ಕೂಲಿಂದ ಬಂದು ಅರ್ಧ ಗಂಟೆ ಅದರಲ್ಲಿ ಉಳುಮೆ ಮಾಡುತ್ತಾನೆ.